ಅವ್ವ ಯಾವ ಕನ್ನಡದಾಗ ಮಾತಾಡಬೇಕು? ಚಿ. ಉದಯಶಂಕರ್ ಮತ್ತು ನಮ್ಮ ಬೀದರ್

ಇವತ್ತು ಒಬ್ಬ ಸಿನಿಮಾ ಬರಹಗಾರರ ಬಗ್ಗೆ ಮಾತಾಡ್ತೀನಿ. ಅವರ ಹೆಸರು ನಿಮಗೆ ಗೊತ್ತಿರಬಹುದು, ಇಲ್ಲದೆಯೂ ಇರಬಹುದು. ಆದ್ರೆ ಅವರು ಬರೆದ ಮಾತು ನಿಮ್ಮ ಮನೆಯೊಳಗೆ ಒಮ್ಮೆಯಾದ್ರೂ ಕೇಳಿಸಿದೆ, ಅದಕ್ಕೆ ನಾನು ಜಾಮೀನು.

ಶುರು ಆಗಿದ್ದು ಔರಾದಿನಲ್ಲಿ. ಹೋದ ತಿಂಗಳು ಅಲ್ಲಿ ಒಬ್ಬ ಗೆಳೆಯನ ಮನೆಗೆ ಹೋಗಿದ್ದೆ. ಅವನು ಒಂದು ಸಿನಿಮಾ ಸ್ಕ್ರಿಪ್ಟ್ ಬರೀತಿದ್ದಾನೆ, ಪೂರ್ತಿ ಫೋನಿನಲ್ಲೇ. ಬೆರಳು ಸವೆಯೋ ಹಾಗೆ ಟೈಪ್ ಮಾಡಿದ್ದಾನೆ. ಕಥೆ ಅವನ ಮನೆಯದೇ: ಮಗ ಹೈದರಾಬಾದಿಗೆ ಕೆಲಸಕ್ಕೆ ಹೋಗಿದ್ದಾನೆ, ತೊಗರಿ ಹೊಲ ನೋಡ್ಕೊಳ್ಳೋಕೆ ಅವ್ವ ಒಬ್ಬಳೇ. 14ನೇ ಸೀನ್‌ನಲ್ಲಿ ಮಗ ರಾತ್ರಿ ತಡವಾಗಿ ಬರ್ತಾನೆ, ಅವ್ವ ಬಾಗಿಲು ತೆಗೀತಾಳೆ. ಸ್ಕ್ರಿಪ್ಟಿನಲ್ಲಿ ಅವ್ವನ ಮಾತು ಹೀಗಿತ್ತು: "ಬಂದೆಯಾ ಕಂದಾ? ಇಷ್ಟು ಹೊತ್ತು ನಿನ್ನ ದಾರಿಯನ್ನೇ ಕಾಯುತ್ತಿದ್ದೆ. ಬಾ, ಕೈಕಾಲು ತೊಳೆದುಕೋ, ಊಟ ಬಡಿಸುತ್ತೇನೆ."

ನಾನು ಓದ್ತಾ ಇದ್ದೆ. ಅಷ್ಟರಲ್ಲೇ ಅಡುಗೆಮನೆಯಿಂದ ಅವರ ಅವ್ವ, ನಿಜವಾದ ಅವ್ವ, ಕೂಗಿದ್ರು: "ಏ ತಮ್ಮಾ, ಇಬ್ರೂ ಉಣ್ಲಕ್ ಬರ್ರಿ, ರೊಟ್ಟಿ ತಣ್ಣಗ ಆಗ್ಲತ್ತಾವ!"

ನಾವಿಬ್ಬರೂ ಒಬ್ಬರ ಮುಖ ಒಬ್ಬರು ನೋಡ್ಕೊಂಡ್ವಿ. ನಾನು ನಕ್ಕೆ, ಅವನು ನಗಲಿಲ್ಲ. "ಮತ್ತ ಸಿನಿಮಾದಾಗ ಹಿಂಗ ಮಾತಾಡಿದ್ರ ಕಾಮಿಡಿ ಆಗ್ತದಲ್ಲೋ" ಅಂದ.

ಅವನು ಹೇಳಿದ್ದು ಸುಳ್ಳಲ್ಲ, ಅದೇ ತಲೆಯಲ್ಲಿ ಕೊರೀತಾ ಇತ್ತು. ಆ "ಕಂದಾ" ಅನ್ನೋ ಅವ್ವ ನಮಗೆ ಎಲ್ಲಿಂದ ಬಂದಳು? ಔರಾದಿನಲ್ಲಿ ಯಾರೂ ಮಗನಿಗೆ ಕಂದಾ ಅನ್ನೋದನ್ನ ನಾನಂತೂ ಕೇಳಿಲ್ಲ. ಆಕೆ ಬಂದದ್ದು ರಾಜಕುಮಾರ್ ಸಿನಿಮಾದಿಂದ. ಹಾಗಾದ್ರೆ ಆ ಸಿನಿಮಾದೊಳಗೆ ಅವಳ ಬಾಯಿಗೆ ಮಾತು ಕೊಟ್ಟೋರು ಯಾರು? ಬಹಳ ಸಲ ಒಬ್ಬರೇ: ಚಿ. ಉದಯಶಂಕರ್.

ಮೊದಲು ನಮ್ಮ ಕಡೆ ವಿಷಯ ಸ್ವಲ್ಪ ಹೇಳ್ಬೇಕು, ಇಲ್ಲಾಂದ್ರೆ ಬೆಂಗಳೂರು, ಮೈಸೂರು ಕಡೆ ಕೇಳುಗರಿಗೆ ಇದ್ಯಾಕೆ ಇಷ್ಟು ದೊಡ್ಡ ವಿಷಯ ಅನಿಸಬಹುದು. ಬೀದರ್ 1948ರ ತನಕ ನಿಜಾಮರ ಹೈದರಾಬಾದ್ ಸಂಸ್ಥಾನದಲ್ಲಿತ್ತು. ಸರ್ಕಾರಿ ಭಾಷೆ ಉರ್ದು. ಕೋರ್ಟು, ಕಚೇರಿ, ಶಾಲೆ, ಎಲ್ಲಾ ಕಡೆ ಅದೇ. ಭಾಲ್ಕಿಯ ಚನ್ನಬಸವ ಪಟ್ಟದ್ದೇವರು ಹೊರಗೆ ಉರ್ದು ಬೋರ್ಡ್ ಹಾಕಿ ಒಳಗೆ ಮಕ್ಕಳಿಗೆ ಕನ್ನಡ ಕಲಿಸಿದ ಕಥೆ ನಮ್ಮ ಜಿಲ್ಲೆಯಲ್ಲಿ ಎಲ್ಲರಿಗೂ ಗೊತ್ತು. 1956ರಲ್ಲಿ ರಾಜ್ಯಗಳನ್ನ ಭಾಷೆ ಮೇಲೆ ಹಂಚಿದಾಗ ಹಳೇ ಬೀದರ್ ಜಿಲ್ಲೆ ಮೂರು ಪಾಲಾಯ್ತು. ಉದಗೀರ್, ನಿಲಂಗಾ ಕಡೆ ಮರಾಠಿಗೆ, ಜಹೀರಾಬಾದ್, ನಾರಾಯಣಖೇಡ ತೆಲುಗಿಗೆ, ಉಳಿದದ್ದು ನಾವು. ನಕ್ಷೆಯಲ್ಲಿ ಗೆರೆ ಎಳೆದ್ರು, ಬಾಯಿಯೊಳಗೆ ಎಳೆಯೋಕೆ ಆಗಲಿಲ್ಲ. ಇವತ್ತಿಗೂ ಔರಾದ್, ಭಾಲ್ಕಿಯ ಎಷ್ಟೋ ಮನೆಗಳಲ್ಲಿ ಮರಾಠಿ, ಬೀದರ್ ಚೌಬಾರಾ ಹತ್ತಿರ ಚಹಾ ಕುಡಿಯೋಕೆ ನಿಂತ್ರೆ ದಖನಿ, ಮತ್ತೆ ಇವೆಲ್ಲ ಕಲೆತ ನಮ್ಮ ಕನ್ನಡ.

ನಮ್ಮ ಮುತ್ಯಾ ಓದಿದ್ದು ಉರ್ದು. ಲೆಕ್ಕ ಹಾಕೋದು ಉರ್ದುವಿನಲ್ಲಿ, ಅಭಂಗ ಮರಾಠಿಯಲ್ಲಿ, ಬೈಯೋದು ಮಾತ್ರ ಅಪ್ಪಟ ಕನ್ನಡದಲ್ಲಿ. ಆದ್ರೆ ಮನೆಗೆ ಯಾರಾದ್ರೂ ಕನ್ನಡ ಮಾಸ್ತರ್ರು ಬಂದ್ರೆ ಮುತ್ಯಾನ ಮಾತೇ ಬದಲಾಗ್ತಿತ್ತು. "ಕುಂದ್ರಿ" ಹೋಗಿ "ದಯಮಾಡಿ ಕುಳಿತುಕೊಳ್ಳಿ" ಬರ್ತಿತ್ತು. ನಾವು ಮಕ್ಕಳು ಒಳಗೆ ಬಾಯಿ ಮುಚ್ಚಿ ನಗ್ತಿದ್ವಿ. ಆ ಕನ್ನಡವನ್ನ ಮುತ್ಯಾಗೆ ಯಾವ ಶಾಲೆ ಕಲಿಸಿರಲಿಲ್ಲ, ಟಾಕೀಸು ಕಲಿಸಿತ್ತು. ಟೆಂಟಿನಲ್ಲಿ ನೆಲದ ಮೇಲೆ ಕೂತು ನೋಡಿದ ರಾಜಕುಮಾರ್ ಸಿನಿಮಾಗಳು ಕಲಿಸಿದ್ವು.

ಈಗ ಉದಯಶಂಕರ್. ಹೆಸರಿನ ಮುಂದಿರೋ "ಚಿ" ಅಂದ್ರೆ ಚಿಟ್ಟನಹಳ್ಳಿ, ಊರ ಹೆಸರು. ಹುಟ್ಟಿದ್ದು 1934ರಲ್ಲಿ. ತಂದೆ ಚಿ. ಸದಾಶಿವಯ್ಯ ಕೂಡ ಸಿನಿಮಾಕ್ಕೆ ಬರೆದವರೇ. ಮನೆಯ ಅಂಗಡಿಯೇ ಬರವಣಿಗೆ, ಹಾಗಂತ ಇಟ್ಕೊಳ್ಳಿ. ಮಗ ಗುರುದತ್ ಮುಂದೆ ನಟ, ನಿರ್ದೇಶಕ ಆದ್ರು. ಉದಯಶಂಕರ್ ಬರವಣಿಗೆ ಶುರು ಮಾಡಿದ್ದು 1963ರ "ಸಂತ ತುಕಾರಾಂ"ನಿಂದ. ಇದು ಗೊತ್ತಾದಾಗ ನಂಗೆ ಖುಷಿ ಆಯ್ತು. ನಮ್ಮ ಕಡೆ ಪಂಢರಪುರಕ್ಕೆ ದಿಂಡಿ ಹೋಗೋ ಊರುಗಳಿವೆ. ತುಕೋಬಾ ಅಂದ್ರೆ ನಮ್ಮವರಿಗೆ ಮನೆಯ ಹಿರಿಯ ಇದ್ದ ಹಾಗೆ. ಅಂಥ ಮರಾಠಿ ಸಂತ ಕನ್ನಡದಲ್ಲಿ ಹೇಗೆ ಮಾತಾಡಬೇಕು ಅನ್ನೋ ಲೆಕ್ಕದಿಂದ ಈ ಮನುಷ್ಯನ ಕೆಲಸ ಶುರುವಾಯ್ತು.

ಇಲ್ಲಿಂದ ಮುಂದೆ ಮೂವತ್ತು ವರ್ಷ. ಕನ್ನಡ ಸಿನಿಮಾ ಆಗ ಬಹುಪಾಲು ಮದ್ರಾಸಿನಲ್ಲಿ ತಯಾರಾಗ್ತಿತ್ತು. ಸ್ಟುಡಿಯೋ ಅಲ್ಲಿ, ಹಾಡಿನ ರೆಕಾರ್ಡಿಂಗ್ ಅಲ್ಲಿ. ನೂರಾರು ಮೈಲಿ ದೂರ ತಮಿಳು ಊರಲ್ಲಿ ಕೂತು ಕನ್ನಡದ ಮಾತು ಬರೆಯೋದು. ಸಂಭಾಷಣೆಯೂ ಅವರೇ, ಹಾಡೂ ಅವರೇ. "ಕಸ್ತೂರಿ ನಿವಾಸ", "ಗಂಧದ ಗುಡಿ", "ಸಂಪತ್ತಿಗೆ ಸವಾಲ್", "ಪ್ರೇಮದ ಕಾಣಿಕೆ", "ಕವಿರತ್ನ ಕಾಳಿದಾಸ", ಕೊನೆಕೊನೆಗೆ 1992ರ "ಜೀವನ ಚೈತ್ರ". ಮರುವರ್ಷ, 1993ರಲ್ಲಿ, ಅವರು ತೀರಿಕೊಂಡ್ರು. ಅರವತ್ತೂ ಆಗಿರಲಿಲ್ಲ.

ನಾನು ಬಿ.ಕಾಂ. ಓದಿದವನು, ಅದಕ್ಕೇ ಮೊದಲು ಕಂಡದ್ದು ವ್ಯಾಪಾರದ ವಿಷಯ. ಒಬ್ಬ ಸಪ್ಲೈಯರ್, ಬಹುಪಾಲು ಒಬ್ಬನೇ ಗಿರಾಕಿ. ನಮ್ಮ ಕ್ಲಾಸಿನಲ್ಲಿ ಇಂಥದ್ದಕ್ಕೆ ಅಪಾಯ ಅಂತ ಬರೆದ್ರೆ ಮಾರ್ಕ್ಸ್ ಕೊಡ್ತಿದ್ರು. ಗಿರಾಕಿ ಕೈಬಿಟ್ರೆ ಅಂಗಡಿ ಬಂದ್. ಆದ್ರೆ ಉದಯಶಂಕರ್ ವಿಷಯದಲ್ಲಿ ಅದೇ ಬಂಡವಾಳ ಆಯ್ತು. ಒಬ್ಬನೇ ನಟನ ಬಾಯಿಗೆ ಬರೀತಾ ಬರೀತಾ ಆ ಬಾಯಿ ಎಲ್ಲಿ ಉಸಿರು ತಗೊಳ್ಳುತ್ತೆ, ಯಾವ ಅಕ್ಷರದ ಮೇಲೆ ಭಾರ ಹಾಕುತ್ತೆ, ಎಲ್ಲಾ ಅವರಿಗೆ ಗೊತ್ತಾಗಿತ್ತು. ರಾಜಕುಮಾರ್ ಶಾಲೆ ಓದಿದ್ದು ಬಹಳ ಕಡಿಮೆ. ಅವರ ಶಾಲೆ ನಾಟಕ ಕಂಪನಿ. ಕೊನೆ ಸಾಲಿನವನಿಗೂ ಕೇಳಬೇಕು ಅನ್ನೋ ಉಚ್ಚಾರ ಅಲ್ಲಿಂದ ಬಂತು. ಆ ಉಚ್ಚಾರಕ್ಕೆ ಒಗ್ಗೋ ಮಾತು ಉದಯಶಂಕರ್‌ದು. ತೀರಾ ಗ್ರಾಂಥಿಕ ಅಲ್ಲ, ತೀರಾ ಬೀದಿಯದೂ ಅಲ್ಲ, ಎರಡರ ನಡುವೆ.

ಇದಕ್ಕೊಂದು ತಿರುವು 1974ರಲ್ಲಿ. "ಸಂಪತ್ತಿಗೆ ಸವಾಲ್" ಸಿನಿಮಾದಲ್ಲಿ ಎಮ್ಮೆ ಮೇಲೆ ಕೂತು ಹಾಡೋ ಹಾಡು ಗೊತ್ತಲ್ಲ? ಗಣೇಶನ ಪೆಂಡಾಲಿನಲ್ಲಿ ಈಗಲೂ ಹಾಕ್ತಾರೆ. ಆ ಹಾಡನ್ನ ರಾಜಕುಮಾರ್ ತಾವೇ ಹಾಡಿದ್ರು, ಬರೆದೋರು ಉದಯಶಂಕರ್. ಅದಕ್ಕೂ ಮುಂಚೆ ಅವರ ಹಾಡು ಅಂದ್ರೆ ಹೆಚ್ಚಾಗಿ ಪಿ.ಬಿ. ಶ್ರೀನಿವಾಸ್ ಧ್ವನಿ. ಅಲ್ಲಿಂದ ಮುಂದೆ ತಮ್ಮ ಹಾಡು ತಾವೇ ಹಾಡ್ತಾ ಹೋದ್ರು. ಈಗ ಯೋಚನೆ ಮಾಡಿ, ಮಾತಾಡೋದೂ ಅದೇ ಗಂಟಲು, ಹಾಡೋದೂ ಅದೇ ಗಂಟಲು, ಎರಡನ್ನೂ ಬರೆಯೋ ಕೈ ಒಂದೇ. ಮಾತು ಎಲ್ಲಿ ಮುಗೀತು, ಹಾಡು ಎಲ್ಲಿ ಶುರುವಾಯ್ತು ಅಂತ ಕೀಲು ಕಾಣಿಸಲ್ಲ. ಇವತ್ತಿನ ಭಾಷೆಯಲ್ಲಿ ಹೇಳೋದಾದ್ರೆ ಇದೊಂದು ಪೂರ್ತಿ ಬ್ರಾಂಡ್ ಧ್ವನಿ, ಇಪ್ಪತ್ತು ವರ್ಷ ಕೆಡದೇ ಉಳಿದದ್ದು.

ಇದೇ ಸಿನಿಮಾದಲ್ಲಿ ನಮಗೆ ಸಂಬಂಧಪಟ್ಟ ಇನ್ನೊಂದು ವಿಷಯ ಇದೆ. "ಸಂಪತ್ತಿಗೆ ಸವಾಲ್" ಮೂಲದಲ್ಲಿ ನಾಟಕ. ಬರೆದೋರು ಧುತ್ತರಗಿ, ಈಗಿನ ಬಾಗಲಕೋಟೆ ಜಿಲ್ಲೆಯವರು. ಅಂದ್ರೆ ಕಥೆ ಉತ್ತರ ಕರ್ನಾಟಕದ್ದು, ನಮ್ಮ ಜಾತ್ರೆಗಳಲ್ಲಿ ಆಡ್ತಿದ್ದ ಕಂಪನಿ ನಾಟಕಗಳ ಜಾತಿಯದು. ಆದ್ರೆ ಪರದೆ ಮೇಲೆ ಬಂದಾಗ ಕೇಳಿಸೋದು ಹಳೇ ಮೈಸೂರು ಕಡೆಯ ಹಳ್ಳಿ ಮಾತು. ಕಥೆ ನಮ್ಮ ಕಡೆಯಿಂದ ಹೋಯ್ತು, ನಾಲಿಗೆ ಅಲ್ಲೇ ಬದಲಾಯ್ತು. ಇದಕ್ಕೆ ಉದಯಶಂಕರರನ್ನ ದೂರೋದು ನಂಗೆ ಸರಿ ಕಾಣಲ್ಲ. ಹೀರೋ ಮಾತು ಇಡೀ ರಾಜ್ಯಕ್ಕೆ ತಿಳಿಯಬೇಕು, ದುಡ್ಡು ಹಾಕಿದವನಿಗೆ ದುಡ್ಡು ವಾಪಸ್ ಬರಬೇಕು. ಆಗ ಕರ್ನಾಟಕ ಅನ್ನೋ ಹೆಸರೇ ಹೊಸದು, 1973ರಲ್ಲಿ ಇಟ್ಟದ್ದು. ರಾಜ್ಯ ಪೂರ್ತಿ ಒಪ್ಪೋ ಒಂದು ಮಾತಿನ ದಾಟಿ ಬೇಕಿತ್ತು. ಮುತ್ಯಾನಂಥವರಿಗೆ ಅದು ಬೇಕೇ ಬೇಕಿತ್ತು. ಗಡಿಯಲ್ಲಿ ನಿಂತು "ನಾನೂ ಕನ್ನಡದವನೇ" ಅಂತ ಹೇಳೋಕೆ ಕೈಯಲ್ಲೊಂದು ಪುರಾವೆ ಬೇಕಲ್ಲ? "ದಯಮಾಡಿ ಕುಳಿತುಕೊಳ್ಳಿ" ಆ ಪುರಾವೆ.

ಸರಿ, ಕೈಚಳಕದ ಬಗ್ಗೆ ಸ್ವಲ್ಪ ಮಾತಾಡೋಣ. "ಕಸ್ತೂರಿ ನಿವಾಸ" ನೋಡಿಲ್ಲ ಅಂದ್ರೆ ನೋಡಿ. 1971ರದ್ದು, 2014ರಲ್ಲಿ ಬಣ್ಣ ಹಾಕಿ ಮತ್ತೆ ಬಿಡುಗಡೆ ಮಾಡಿದ್ರು. ಕಥೆ ಜಿ. ಬಾಲಸುಬ್ರಮಣ್ಯಂ ಅವರದ್ದು, ಶಿವಾಜಿ ಗಣೇಶನ್‌ಗೆ ಅಂತ ಯೋಚಿಸಿದ್ದು. ಅಲ್ಲಿ ಆಗಲಿಲ್ಲ, ಕನ್ನಡಕ್ಕೆ ಬಂತು, ದೊರೈ-ಭಗವಾನ್ ನಿರ್ದೇಶನ ಮಾಡಿದ್ರು, ಉದಯಶಂಕರ್ ಮಾತು ಬರೆದ್ರು. ಕನ್ನಡದಲ್ಲಿ ಗೆದ್ದ ಮೇಲೆ 1975ರಲ್ಲಿ ಅದೇ ಕಥೆ ಅದೇ ಶಿವಾಜಿ ಹತ್ತಿರ ತಮಿಳಿನಲ್ಲಿ ಹೋಯ್ತು. ಬಿಟ್ಟ ಶೇರು ಮತ್ತೆ ಕೊಂಡ ಹಾಗೆ!

ಅದರ ಕೊನೆ ಹೇಳ್ತೀನಿ, ಐವತ್ತು ವರ್ಷದ ಮೇಲಾಯ್ತು, ಸ್ಪಾಯ್ಲರ್ ಅಂತ ಬೈಬೇಡಿ. ಕೊಡುವುದನ್ನೇ ಬದುಕು ಮಾಡ್ಕೊಂಡ ಶ್ರೀಮಂತ, ಎಲ್ಲ ಕಳ್ಕೊಂಡಿದ್ದಾನೆ. ಮನೆಗೆ ಒಬ್ಬಾಕೆ ಬರ್ತಾಳೆ, ಊಟ ಹಾಕೋಕೆ ಏನೂ ಇಲ್ಲ. ಸಾಕಿದ ಪಾರಿವಾಳವನ್ನೇ ಮಾರಿ ಊಟ ಹಾಕಿಸ್ತಾನೆ. ಊಟ ಮುಗಿದ ಮೇಲೆ ಆಕೆ ಬಂದ ಕೆಲಸ ಹೇಳ್ತಾಳೆ: ಮಗುವಿಗಾಗಿ ಆ ಪಾರಿವಾಳ ಬೇಕಾಗಿತ್ತು. ಇಂಥದ್ದೇ ಒಂದು ಗಂಟು 14ನೇ ಶತಮಾನದ ಇಟಲಿಯ ಬೊಕಾಚಿಯೋ ಕಥೆಯಲ್ಲೂ ಇದೆ, ಅಲ್ಲಿ ಡೇಗೆ ಹಕ್ಕಿ. ಗಂಟು ಹಳೆಯದು, ಇರಲಿ. ನೀವು ಈ ಸಲ ನೋಡುವಾಗ ಒಂದು ಕೆಲಸ ಮಾಡಿ. ಆ ಹೊತ್ತಿನಲ್ಲಿ ರಾಜಕುಮಾರ್ ಎಷ್ಟು ಮಾತಾಡ್ತಾರೆ, ಎಷ್ಟು ಸುಮ್ಮನಿರ್ತಾರೆ ಅಂತ ಎಣಿಸಿ. ಸಂಭಾಷಣೆ ಬರೆಯೋನ ಅರ್ಧ ಕೆಲಸ ಎಲ್ಲಿ ಪೆನ್ನು ಎತ್ತಬೇಕು ಅನ್ನೋದು. ಸ್ಟಾರ್ ಸಿನಿಮಾದಲ್ಲಿ ಅದು ಇನ್ನೂ ಕಷ್ಟ, ಜನ ಮಾತು ಕೇಳೋಕೇ ಬಂದಿರ್ತಾರೆ.

ಇನ್ನೊಂದು 1983ರ "ಕವಿರತ್ನ ಕಾಳಿದಾಸ". ಅದನ್ನ ನಾನು ಬರಹದ ಪಾಠ ಅಂತಲೇ ನೋಡೋದು. ಮೊದಲು ಕುರಿ ಕಾಯೋನು, ಹಳ್ಳಿ ಮಾತು. ಕಾಳಿ ಒಲಿದ ಮೇಲೆ ಕವಿ, ಸಂಸ್ಕೃತ ತುಂಬಿದ ಮಾತು. ಒಬ್ಬನೇ ಮನುಷ್ಯ, ಅದೇ ಮುಖ, ಎರಡು ಕನ್ನಡ. ಎರಡೂ ನಂಬಿಕೆ ಬರೋ ಹಾಗಿವೆ. ಆದ್ರೂ ಒಂದು ಮಾತು ಹೇಳ್ಲೇಬೇಕು. ಆ ಕಥೆಯಲ್ಲಿ ಹಳ್ಳಿ ಮಾತಾಡುವಾಗ ಆತ ದಡ್ಡ, ಜನ ನಗ್ತಾರೆ. ಬುದ್ಧಿ ಬಂದ ಕೂಡಲೇ ಭಾಷೆ ಬದಲಾಗುತ್ತೆ. ಕಥೆಯೇ ಹಾಗಿದೆ, ಬರಹಗಾರನ ತಪ್ಪಲ್ಲ. ಆದ್ರೆ ನಮ್ಮ ಗೆಳೆಯನ "ಕಾಮಿಡಿ ಆಗ್ತದಲ್ಲೋ" ಅನ್ನೋ ಹೆದರಿಕೆಯ ಬೇರು ಇಂಥ ಕಡೆ ಇದೆ ಅಂತ ನಂಗನಿಸುತ್ತೆ.

ಈ ಹೆದರಿಕೆ ನಂಗೂ ಇತ್ತು. ಮೊದಲ ನಾಲ್ಕು ಎಪಿಸೋಡ್ ಕೇಳಿದೋರಿಗೆ ಗೊತ್ತು, ಎಷ್ಟು ನೆಟ್ಟಗೆ ಬೆಂಗಳೂರು ಕನ್ನಡ ಹೊಡೀತಿದ್ದೆ. ನಮ್ಮ ಅವ್ವ ಕೇಳಿ, "ಇಂವ ಯಾರು? ಛಲೋ ಮಾತಾಡ್ತಾನ" ಅಂದ್ಲು. ಹೊಗಳಿದಳೋ ಬೈದಳೋ ಇವತ್ತಿಗೂ ಗೊತ್ತಿಲ್ಲ. ಒಂದು ಸಲ ಒಂದು ವೆಬ್ ಸೀರೀಸ್‌ನವರು ನನ್ನ ಹತ್ತಿರ ಬೀದರ್ ಭಾಷೆಯ ಮಾತು ಬರೆಸಿಕೊಂಡ್ರು. ಗಂಭೀರವಾದ ಸೀನು, ಅಪ್ಪ ಸತ್ತಿದ್ದಾನೆ. ನಾನು ನಮ್ಮ ಓಣಿಯಲ್ಲಿ ಕೇಳಿದ ಹಾಗೆ ಬರೆದೆ. "ಇನ್ನೂ ಸ್ವಲ್ಪ ಫನ್ನಿ ಮಾಡ್ಬಹುದಾ?" ಅಂತ ವಾಪಸ್ ಬಂತು. ದುಡ್ಡು ಪುಟದ ಲೆಕ್ಕದಲ್ಲಿ ಕೊಟ್ರು, ಅದು ಸರಿ. ಟೈಟಲ್‌ನಲ್ಲಿ ಹೆಸರು ಇರಲಿಲ್ಲ.

ಹೆಸರು ಅಂದೆ, ಅಲ್ಲಿಗೇ ಬರ್ತೀನಿ. ಸಿನಿಮಾ ಬರವಣಿಗೆ ಅಂದ್ರೆ ಒಂದೇ ಕೆಲಸ ಅಲ್ಲ. ಕಥೆ ಒಬ್ಬರದ್ದು, ಅದನ್ನ ಸೀನು ಸೀನಾಗಿ ಕೂಡಿಸೋ ಚಿತ್ರಕಥೆ ಇನ್ನೊಬ್ಬರದ್ದು, ಬಾಯಿಗೆ ಬರೋ ಸಂಭಾಷಣೆ ಮತ್ತೊಬ್ಬರದ್ದು. ನಮ್ಮಲ್ಲಿ ಚಿತ್ರಕಥೆ ಕಾರ್ಡಿಗೆ ಬಹಳ ಸಲ ನಿರ್ದೇಶಕರ ಹೆಸರೇ ಸೇರ್ಕೊಳ್ಳುತ್ತೆ. "ಪ್ರೇಮದ ಕಾಣಿಕೆ", 1976. ಅದರ ಕಥೆ ಸಲೀಂ-ಜಾವೇದ್ ಅವರದ್ದು ಅಂತ ನಿಮಗೆ ಗೊತ್ತಿತ್ತಾ? ಹೌದ್ರಿ, "ಶೋಲೆ"ಯ ಸಲೀಂ-ಜಾವೇದ್. ಅದೇ ವರ್ಷದ "ರಾಜ ನನ್ನ ರಾಜ" ಕೂಡ. ಮುಂಬೈಯ ಕಥೆ, ಕನ್ನಡದ ಮಾತು ಉದಯಶಂಕರ್‌ದು. ಸಲೀಂ-ಜಾವೇದ್ 1973ರಲ್ಲಿ "ಜಂಜೀರ್" ಪೋಸ್ಟರಿನಲ್ಲಿ ತಮ್ಮ ಹೆಸರಿಲ್ಲ ಅಂತ ಆಳು ಇಟ್ಟು, ಮುಂಬೈ ತುಂಬ ಪೋಸ್ಟರ್ ಮೇಲೆ ಹೆಸರು ಬರೆಸಿದ್ರು. ಆಮೇಲೆ ಅವರ ಹೆಸರು ಪೋಸ್ಟರಿನ ಮೇಲೆ ದೊಡ್ಡದಾಗಿ ಬಂತು, ಸಂಭಾವನೆಯೂ ಹಾಗೇ ಏರಿತು. ಅವರ ಮೇಲಿನ ಡಾಕ್ಯುಮೆಂಟರಿ 2024ರಲ್ಲಿ ಒಟಿಟಿಗೆ ಬಂದಿದೆ, ನೀವು ನೋಡಿರ್ತೀರಿ.

ಹೊರದೇಶದಲ್ಲೂ ಬರೆಯೋನ ಹಣೆಬರಹ ಬಹಳ ಬೇರೆ ಇಲ್ಲ. ಪೋಲೆಂಡಿನ ನಿರ್ದೇಶಕ ಕಿಸ್ಲೊವ್‌ಸ್ಕಿ ಹೆಸರು ಸಿನಿಮಾ ಹುಚ್ಚಿರೋ ಎಲ್ಲರಿಗೂ ಗೊತ್ತು. "ಡೆಕಲಾಗ್", "ಥ್ರೀ ಕಲರ್ಸ್" ಅಂತ ಫೋಲ್ಡರ್ ಮಾಡಿ ಇಟ್ಕೊಂಡೋರು ನಮ್ಮ ಬೀದರ್‌ನಲ್ಲೂ ಇದ್ದಾರೆ. ಅವನ್ನ ಅವರ ಜೊತೆ ಕೂತು ಬರೆದ ಪಿಯೆಸೆವಿಚ್ ಹೆಸರು? ಆತ ವಾರ್ಸಾದಲ್ಲಿ ವಕೀಲ. 1982ರಲ್ಲಿ, ಅಲ್ಲಿ ಮಿಲಿಟರಿ ಕಾನೂನು ಇದ್ದ ಕಾಲದಲ್ಲಿ, ಕಿಸ್ಲೊವ್‌ಸ್ಕಿ ರಾಜಕೀಯ ಕೇಸುಗಳನ್ನ ಚಿತ್ರೀಕರಿಸೋಕೆ ಹೋದಾಗ ಪರಿಚಯ. ಹತ್ತು ಕಟ್ಟಳೆಗಳ ಮೇಲೆ ಹತ್ತು ಕಥೆ ಮಾಡೋಣ ಅನ್ನೋ ಯೋಚನೆ ಆ ವಕೀಲನದ್ದು. "ರೆಡ್" ಸಿನಿಮಾದ ಚಿತ್ರಕಥೆಗೆ ಇಬ್ಬರೂ ಆಸ್ಕರ್ ನಾಮಿನೇಷನ್ ಪಡೆದ್ರು. ಕೋರ್ಟಿನಲ್ಲಿ ದಿನಾ ಜನರ ಮಾತು ಕೇಳಿದ ಕಿವಿ ಅದು. ಔರಾದಿನ ಗೆಳೆಯನಿಗೆ ಇದನ್ನ ಹೇಳಿದೆ, ಅವನು ಕೃಷಿ ಗೊಬ್ಬರದ ಅಂಗಡಿಯಲ್ಲಿ ಲೆಕ್ಕ ಬರೀತಾನೆ. ಗೊಬ್ಬರದ ಅಂಗಡಿ ಕೌಂಟರ್ ಅಂದ್ರೆ ಅದೂ ಒಂದು ಕೋರ್ಟೇ.

ಹಾಗಾದ್ರೆ ನಮ್ಮ ಮಾತು ನಗಿಸೋಕೆ ಅಲ್ಲದೆ ಬೇರೆ ಕೆಲಸಕ್ಕೆ ಬಂದೇ ಇಲ್ವಾ? ಬಂದಿದೆ. 1997ರ "ನಾಗಮಂಡಲ" ಇದೆ, ಕಾರ್ನಾಡರ ನಾಟಕ, ನಾಗಾಭರಣ ನಿರ್ದೇಶನ. ಅದು ಉತ್ತರ ಕರ್ನಾಟಕದ ಮಾತು, ಆದ್ರೆ ನಮ್ಮ ಬೀದರಿನದಲ್ಲ. ನಂಗೆ ಹೆಚ್ಚು ತಟ್ಟಿದ್ದು "ಕನಸೆಂಬೋ ಕುದುರೆಯನೇರಿ". ರಾಯಚೂರು ಕಡೆಯ ಅಮರೇಶ ನುಗಡೋಣಿ ಬರೆದ "ಸವಾರಿ" ಅನ್ನೋ ಕಥೆ. ಗಿರೀಶ್ ಕಾಸರವಳ್ಳಿ ಸಿನಿಮಾ ಮಾಡಿದ್ರು. ಊರಲ್ಲಿ ಗುಂಡಿ ತೋಡೋ ಈರ್ಯಾ ಅಂತ ಒಬ್ಬ. ಅವನ ಕನಸಿನಲ್ಲಿ ಸಿದ್ಧ ಬಂದ್ರೆ ಊರಲ್ಲಿ ಯಾರೋ ಸತ್ತಿದ್ದಾರೆ ಅಂತ ಅರ್ಥ. ಒಂದು ದಿನ ಕನಸು ಬೀಳುತ್ತೆ, ಹೋಗಿ ಕೇಳಿದ್ರೆ ಗೌಡರ ಮನೆಯವರು ಯಾರೂ ಸತ್ತಿಲ್ಲ ಅಂತಾರೆ. ಸಾವನ್ನ ಮುಚ್ಚಿಟ್ಟಿದ್ದಾರೆ. ಬಡವನಿಗೆ ಇದ್ದ ಒಂದೇ ಆಸ್ತಿ ಕನಸು, ಅದೂ ಸುಳ್ಳಾಯ್ತು.

ಆ ಈರ್ಯಾ ಯಾರು ಗೊತ್ತಾ? ವೈಜನಾಥ ಬಿರಾದಾರ. ನಮ್ಮ ಬೀದರ್ ಜಿಲ್ಲೆಯವರು. ನೂರಾರು ಸಿನಿಮಾದಲ್ಲಿ ಭಿಕ್ಷುಕ, ಕುಡುಕ, ಒದೆ ತಿನ್ನೋನು, ಒಂದೆರಡು ನಿಮಿಷ ಬಂದು ನಗಿಸಿ ಹೋಗೋರು. ನಾವೂ ನಕ್ಕಿದ್ದೀವಿ, ಒಪ್ಕೋಬೇಕು. ಅದೇ ಮುಖ, ಅದೇ ಗಂಟಲು, ಈ ಸಿನಿಮಾದಲ್ಲಿ ನಗಿಸಲ್ಲ. ಸ್ಪೇನಿನ ಮ್ಯಾಡ್ರಿಡ್‌ನ ಇಮ್ಯಾಜಿನ್ ಇಂಡಿಯಾ ಚಿತ್ರೋತ್ಸವದಲ್ಲಿ ಅವರಿಗೆ ಅತ್ಯುತ್ತಮ ನಟ ಪ್ರಶಸ್ತಿ ಬಂತು. ಪೇಪರಿನಲ್ಲಿ ಎಲ್ಲರೂ ಓದಿದ್ರು. ಅದಕ್ಕಿಂತ ಕಡಿಮೆ ಜನ ಓದಿದ್ದು ಇನ್ನೊಂದು: 57ನೇ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಯಲ್ಲಿ, ಬೇರೆ ಕೃತಿಯಿಂದ ಮಾಡಿದ ಅತ್ಯುತ್ತಮ ಚಿತ್ರಕಥೆ ಅಂತ ಈ ಸಿನಿಮಾಕ್ಕೆ ಪ್ರಶಸ್ತಿ. ಗಿರೀಶ್ ಕಾಸರವಳ್ಳಿ ಜೊತೆ ಗೋಪಾಲಕೃಷ್ಣ ಪೈ. "ಸ್ವಪ್ನ ಸಾರಸ್ವತ" ಕಾದಂಬರಿ ಬರೆದು ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಪಡೆದವರು ಅವರೇ. ನಟನ ಮಾತು ಬದಲಾಗಿರಲಿಲ್ಲ. ಬರೆಯೋರು ಆ ಮಾತಿಗೆ ಬೇರೆ ಕೆಲಸ ಕೊಟ್ರು. ನಂಗೆ ಇಡೀ ಎಪಿಸೋಡಿನಲ್ಲಿ ಮುಖ್ಯ ಅನಿಸಿದ್ದು ಇದು. ಭಾಷೆ ತಾನಾಗೇ ಕಾಮಿಡಿ ಆಗಲ್ಲ, ಸೀನು ಅದಕ್ಕೆ ಏನು ಕೆಲಸ ಹಚ್ಚಿದೆ ಅನ್ನೋದರ ಮೇಲಿದೆ.

ಈಗ ದುಡ್ಡಿನ ವಿಷಯ, ಬಿ.ಕಾಂ. ಸುಮ್ನಿರಲ್ಲ. ಉದಯಶಂಕರ್ ಬರೆದ ಕಾಲದಲ್ಲಿ ಪದ್ಧತಿ ಸರಳ: ಬರೆದು ಕೊಟ್ಟೆ, ಸಂಭಾವನೆ ತಗೊಂಡೆ, ಮುಗೀತು. ಆಮೇಲೆ ಹಾಡು ರೇಡಿಯೋದಲ್ಲಿ ಬರಲಿ, ಕ್ಯಾಸೆಟ್ ಮಾರಾಟ ಆಗಲಿ, ಟಿವಿಯಲ್ಲಿ ಸಾವಿರ ಸಲ ಸಿನಿಮಾ ಹಾಕಲಿ, ಹಕ್ಕೆಲ್ಲ ಕೊಂಡವರದ್ದು. 2012ರಲ್ಲಿ ಕಾಪಿರೈಟ್ ಕಾಯ್ದೆ ತಿದ್ದುಪಡಿ ಆಯ್ತು. ಅದಕ್ಕಾಗಿ ಜಗಳ ಆಡಿದವರಲ್ಲಿ ಜಾವೇದ್ ಅಖ್ತರ್ ಒಬ್ಬರು, ಆಗ ರಾಜ್ಯಸಭೆಯಲ್ಲಿದ್ರು. ಈಗ ಕಾನೂನು ಹೇಳೋದು: ಸಿನಿಮಾಕ್ಕೆ ಬರೆದ ಮಾತು, ಹಾಡು ಥಿಯೇಟರಿನ ಆಚೆ ಬಳಕೆಯಾದ್ರೆ ಬರೆದವನಿಗೆ ರಾಯಲ್ಟಿಯಲ್ಲಿ ಸಮಪಾಲು. ಆ ಹಕ್ಕನ್ನ ನೀನು ಸಹಿ ಹಾಕಿ ಬಿಟ್ಟುಕೊಡ್ತೀನಿ ಅಂದ್ರೂ ನಿರ್ಮಾಪಕರಿಗೆ ಬಿಟ್ಟುಕೊಡೋಕೆ ಬರಲ್ಲ. ಕಾಗದದ ಮೇಲಿನ ಹಕ್ಕು ಕೈಗೆ ಬರೋದು ಬೇರೆ ಮಾತು. ಆದ್ರೂ ಔರಾದಿನವನಿಗೆ ಮೂರು ವಿಷಯ ಹೇಳಿ ಬಂದೆ. ಸ್ಕ್ರಿಪ್ಟನ್ನ ವಾಟ್ಸಾಪ್‌ನಲ್ಲಿ ಸಿಕ್ಕಸಿಕ್ಕವರಿಗೆ ಕಳಿಸಬೇಡ, ಮೊದಲು ನೋಂದಾಯಿಸು, ಮುಂಬೈಯ ಸ್ಕ್ರೀನ್‌ರೈಟರ್ಸ್ ಅಸೋಸಿಯೇಷನ್‌ನಲ್ಲಿ ಮೆಂಬರ್ ಆದ್ರೆ ಆನ್‌ಲೈನಲ್ಲೇ ಮಾಡಬಹುದು. ಟೈಟಲ್‌ನಲ್ಲಿ ಹೆಸರು ಯಾವ ಕೆಲಸಕ್ಕೆ, ಹೇಗೆ ಬರುತ್ತೆ ಅಂತ ಒಪ್ಪಂದದಲ್ಲೇ ಬರೆಸು. ಅಡ್ವಾನ್ಸ್ ಬರದೇ ಎರಡನೇ ಡ್ರಾಫ್ಟ್ ಕೊಡಬೇಡ. ಮೂರನೇದು ಪುಸ್ತಕದಿಂದ ಕಲಿತದ್ದಲ್ಲ.

ಅವನು ತಲೆ ಆಡ್ಸಿದ. ಆಮೇಲೆ ಕೇಳಿದ, "ಅದೆಲ್ಲ ಆಯ್ತು, 14ನೇ ಸೀನ್ ಏನ್ ಮಾಡ್ಲಿ?"

ನಾನು ಹೇಳಿದ್ದು, "ಅವ್ವನ ಮಾತು ರೆಕಾರ್ಡ್ ಮಾಡ್ಕೋ. ಒಂದು ವಾರ ಫೋನ್ ಅಡುಗೆಮನೆಯಲ್ಲಿ ಇಡು, ಆಕೆಗೆ ಹೇಳಿಯೇ ಇಡು." ಅವನು ಮಾಡಿದ. ಮೊನ್ನೆ ಒಂದು ತುಣುಕು ಕಳಿಸಿದ, ಪೂರ್ತಿ ಹಾಕೋಕೆ ಆಕೆ ಒಪ್ಪಿಲ್ಲ, ಒಂದೇ ಮಾತಿಗೆ ಒಪ್ಪಿಗೆ ಕೊಟ್ಟಿದ್ದಾರೆ. ನಿಜಕ್ಕೂ ಒಂದು ರಾತ್ರಿ ಅವನು ಬೀದರ್‌ನಿಂದ ತಡವಾಗಿ ಬಂದಿದ್ದಾನೆ. ಅವ್ವ ಬಾಗಿಲು ತೆಗೆದು ಏನೂ ಮಾತಾಡಿಲ್ಲ. ಚಿಲಕದ ಸಪ್ಪಳ, ತಾಟು ಇಟ್ಟ ಸಪ್ಪಳ. ಎಷ್ಟೋ ಹೊತ್ತಾದ ಮೇಲೆ, "ಗಾಡಿ ಲೈಟ್ ರಿಪೇರಿ ಮಾಡ್ಸು ಅಂದಿದ್ನಲ್ಲ" ಅಂದಿದ್ದಾರೆ. ಅಷ್ಟೇ. ಕಂದಾ ಇಲ್ಲ, ದಾರಿ ಕಾಯ್ದೆ ಅಂತಿಲ್ಲ.

ಇದನ್ನ ಕೇಳಿದ್ದಿದ್ರೆ ಉದಯಶಂಕರ್ ಏನಂತಿದ್ರೋ. ಪಾರಿವಾಳದ ಸೀನಿಗೆ ಮಾತು ಬರೆದವರು, ಅವರಿಗೆ ತಿಳೀತಿತ್ತು ಅಂತ ನನ್ನ ನಂಬಿಕೆ.

ಆದ್ರೆ ಗೆಳೆಯ ಇನ್ನೂ ತೀರ್ಮಾನ ಮಾಡಿಲ್ಲ. ಫೈಲಿನಲ್ಲಿ ಈಗ ಎರಡೂ ಇವೆ, ಹಳೇದು ಕಪ್ಪು ಅಕ್ಷರದಲ್ಲಿ, ಹೊಸದು ಕೆಂಪಿನಲ್ಲಿ. ಮುಂದಿನ ಭಾನುವಾರ ಭಾಲ್ಕಿಯಲ್ಲಿ ಐದಾರು ಜನ ಕೂತು ಪೂರ್ತಿ ಸ್ಕ್ರಿಪ್ಟ್ ಓದ್ತೀವಿ. ಅವ್ವನನ್ನೂ ಕರೀತೀನಿ ಅಂದೆ. ಆಕೆ ಫೋನಿನಲ್ಲೇ ಅಂದ್ರು, "ನಾ ಒಲ್ಲೆಪ್ಪಾ. ನಂದೇನ್ ಅದ ಅದ್ರಾಗ? ಗಾಡಿ ಲೈಟ್ ಮೊದಲ ರಿಪೇರಿ ಮಾಡ್ಸಲಕ್ ಹೇಳು."